ವಿಷಯ: ತಾತನ ಎದೆಯೊಳಗಿನ ಬ್ಯಾಟರಿ

ಜನವರಿ ೯

ಎರಡು ಬ್ರೇಕಿನ ಕಾರಿನ ಒಡತಿಯೂ ಊರಿನ ಅರ್ಧ ಜನಕ್ಕೆ ಸ್ಟೇರಿಂಗ್ ಹಿಡಿಯಲು ಕಲಿಸಿದ ಗುರುಗಳೂ ಆದ ನನ್ನ ಏಕೈಕ ಸೋದರತ್ತೆಯವರ ಸನ್ನಿಧಾನಕ್ಕೆ,

ತಮ್ಮ ಅಣ್ಣನ ಏಕೈಕ ಕುಪುತ್ರನು ತಲೆಬಾಗಿ, ಕೈಕಟ್ಟಿ, ಅಗತ್ಯಬಿದ್ದರೆ ಒಂಟಿಕಾಲಿನಲ್ಲಿ ನಿಂತು ಅರಿಕೆ ಮಾಡಿಕೊಳ್ಳುವುದೇನೆಂದರೆ:

ನಾನು ಫೋನ್ ಮಾಡಿದಾಗಲೆಲ್ಲ ತಾವು ಕತ್ತರಿಸುತ್ತಿದ್ದೀರಿ. ಆದ್ದರಿಂದ ಈ ಕಾಗದ. ಇದನ್ನು ಕತ್ತರಿಸಬೇಕಾದರೆ ಕಡೇಪಕ್ಷ ಎದ್ದು ಹೋಗಿ ಕತ್ತರಿ ತರಬೇಕಾಗುತ್ತದೆ.

ತಾತನಿಂದ ನನಗೆ ತಲುಪಿರುವ ವರದಿಯ ಪ್ರಕಾರ, ಅವರ ಮಂಚವನ್ನು ತಾವು ಮಹಡಿಯ ಮೇಲಿನ ಕೋಣೆಗೆ ಸಾಗಿಸಿದ್ದೀರಿ. ತಮ್ಮ ಸುಪುತ್ರಿ ಪುಟ್ಟಿ ಅವರ ಹತ್ತಿರ ಸುಳಿಯಬಾರದೆಂದು ಆಜ್ಞೆಯಾಗಿದೆ. ಮಾರ್ಚಿಯಲ್ಲಿ ಅವರ ಎದೆ ಕುಯ್ಯಿಸಿ, ಹೃದಯ ನಡೆಸುವ ಆ ಪರಮಾಣು ಬ್ಯಾಟರಿಯ ಪೇಸ್‌ಮೇಕರನ್ನು ಹೊರಗೆ ತೆಗೆಸುವುದೆಂದೂ ತೀರ್ಮಾನವಾಗಿದೆ. ಮುದುಕರು ನನಗೆ ಫೋನಿನಲ್ಲಿ ಹೇಳಿದ್ದು ಇಷ್ಟು: "ನಾನು ಆಯುಷ್ಯವೆಲ್ಲ ಲಿಫ್ಟ್ ನಡೆಸ್ದೋನು ಕಣೋ. ಜನರನ್ನ ಮೇಲೆ ಬಿಟ್ಟು ಕೆಳಗೆ ಬರ್ತಿದ್ದೆ. ಈಗ ನನ್ನನ್ನೇ ಮೇಲೆ ಬಿಟ್ಟು ಬಾಗಿಲು ಹಾಕಿದ್ದಾಳೆ ನಿಮ್ಮತ್ತೆ."

ಇದಕ್ಕೆಲ್ಲ ಕಾರಣ ನನ್ನ ಡಿಸೆಂಬರಿನ ಭೇಟಿ ಎಂಬ ಆರೋಪವನ್ನು ಈ ಆರೋಪಿಯು ಪರಿಶೀಲಿಸಿದ್ದಾನೆ. ನಾನು ಕೆಲಸ ಮಾಡುವ ಲ್ಯಾಬಿನಿಂದ ವಿಕಿರಣ ಅಳೆಯುವ ಮೀಟರ್ ತಂದಿದ್ದು ನಿಜ. ತಾತನ ಎದೆಗೆ ಹಿಡಿದಾಗ ಅದು ಕಾದ ಬಾಣಲೆಗೆ ಜೋಳ ಬಿದ್ದಂತೆ ಸಿಡಿದದ್ದು ನಿಜ. ನಾನು ಮುಖ ಗಂಭೀರ ಮಾಡಿಕೊಂಡು "ತಾತನಿಗೆ ಇನ್ನು ಸಾವು ಬರೋ ಹಾಗಿಲ್ಲ, ಮೇಲಿನೋರ ಅನುಮತಿ ಬೇಕು" ಎಂದಿದ್ದೂ ನಿಜ. ಆದರೆ ಹಾಗೆ ಸಿಡಿಯಲು ಕಾರಣ ಅವರ ಬ್ಯಾಟರಿಯಲ್ಲ. ಅವರ ಅಂಗಿಯ ಜೇಬಿನಲ್ಲಿ ನಾನೇ ಮೊದಲು ತುರುಕಿದ್ದ ಹಳೆಯ ಗ್ಯಾಸ್‌ಲೈಟಿನ ಬಲೆಬತ್ತಿ. ಹಿಂದಿನ ಕಾಲದ ಆ ಬತ್ತಿಗಳಲ್ಲಿ ಥೋರಿಯಂ ಹಾಕುತ್ತಿದ್ದರು. ಮೀಟರಿಗೆ ಅದೆಂದರೆ ಬಹಳ ಪ್ರೀತಿ. ತಾವು ಬೆಚ್ಚಿದ್ದು ಕಂಡು ತಕ್ಷಣವೇ ಜೇಬಿನಿಂದ ತೆಗೆದು ತೋರಿಸಿದೆ. ತಾತ ನಕ್ಕರು, ಪುಟ್ಟಿ ನಕ್ಕಳು. ತಾವು ಮಾತ್ರ ನಗಲಿಲ್ಲ. ಅದು ತಮ್ಮ ಹಕ್ಕು.

ಆದರೆ ಒಂದು ತಮಾಷೆಗೆ ನಗು ಬರಲಿಲ್ಲವೆಂದು ಎಪ್ಪತ್ತೆಂಟು ವರ್ಷದ ಮನುಷ್ಯನ ಎದೆ ಕುಯ್ಯಿಸುವುದು ಯಾವ ನ್ಯಾಯ ಎಂದು ತಿಳಿಸಿಕೊಡಬೇಕಾಗಿ ಕೋರುವ,

ತಮ್ಮ ವಿಧೇಯ (ಬಲವಂತದಿಂದ),
ಕಿತಾಪತಿ


ಜನವರಿ ೧೭

ಕಿತಾಪತಿಗೆ,

ಕಾಗದ ಬಂತು. ಕತ್ತರಿ ತರುವಷ್ಟು ಬೆಲೆ ಅದಕ್ಕಿರಲಿಲ್ಲ. ಹಿಂಬದಿ ಖಾಲಿಯಿತ್ತು, ಪುಟ್ಟಿ ಭಾಗಾಕಾರ ಮಾಡಿದ್ದಾಳೆ.

ಜೇಬಿನಿಂದ ಬತ್ತಿ ತೆಗೆದು ತೋರಿಸಿದೆ, ಸರಿ. ಯಾವಾಗ? ನನ್ನ ಮುಖ ನೋಡಿದ ಮೇಲೆ. ಮೀಟರ್ ಸಿಡಿದದ್ದು ನಿಜವೋ ಬತ್ತಿ ತೋರಿಸಿದ್ದು ನಿಜವೋ ನನಗೇನು ಗೊತ್ತು? ನನ್ನ ಕಾರಿನ ಹಿಂದೆ "ಕಲಿಯುತ್ತಿದ್ದಾರೆ, ದೂರವಿರಿ" ಅಂತ ಇದ್ದ ಬೋರ್ಡನ್ನು "ಕಲಿಯುವುದಿಲ್ಲ, ದೂರವಿರಿ" ಅಂತ ಮಾಡಿದವನು ನೀನು. ಆ ವಾರವಿಡೀ ಊರೆಲ್ಲ ನಮ್ಮನ್ನು ನೋಡಿ ಹಲ್ಲು ಕಿರಿಯಿತು, ನನ್ನ ವಿದ್ಯಾರ್ಥಿಗಳು ತಮ್ಮ ಗೇರಿನ ತಪ್ಪಿಗೆ ನಗುತ್ತಿದ್ದಾರೆ ಅಂದುಕೊಂಡು ಬೆವರಿದರು. ಕೇಳಿದಾಗ ನಿನ್ನ ಮುಖ ಹೀಗೇ ಇತ್ತು, ಹಾಲು ಕುಡಿದ ಮಗುವಿನ ಹಾಗೆ. ನಿನ್ನ ಸುಳ್ಳು ಯಾವುದು, ಸುಳ್ಳನ್ನು ಮುಚ್ಚುವ ಸುಳ್ಳು ಯಾವುದು ಅಂತ ಬಿಡಿಸುತ್ತಾ ಕೂರಲು ನನಗೆ ಪುರುಸೊತ್ತಿಲ್ಲ.

ಇನ್ನು ಆ ಬ್ಯಾಟರಿ. ನನ್ನ ಕಾರಿನದು ಮೂರು ವರ್ಷ ಬಾಳಿದರೆ ನಾನು ಅಂಗಡಿಯವನನ್ನು ನೆನೆಸಿಕೊಳ್ಳುತ್ತೇನೆ. ಅಪ್ಪನ ಎದೆಯಲ್ಲಿರುವುದು ನಲವತ್ತು ವರ್ಷದಿಂದ ನಡೆಯುತ್ತಿದೆ. ಚಾರ್ಜ್ ಇಲ್ಲ, ನೀರು ಹಾಕೋದಿಲ್ಲ, ಬದಲಾಯಿಸಿಲ್ಲ. ಒಂದು ಪದಾರ್ಥ ಒಳಗೆ ಕೂತು ಅಷ್ಟು ಕಾಲ ಉರಿಯುತ್ತಿದೆ ಅಂದರೆ ಅದು ಏನನ್ನೋ ತಿನ್ನುತ್ತಿರಲೇಬೇಕು. ನನ್ನ ಮಗಳು ದಿನಾ ಮಧ್ಯಾಹ್ನ ಆ ಎದೆಯ ಮೇಲೆ ತಲೆಯಿಟ್ಟು ನಿದ್ದೆ ಹೊಡೆಯುತ್ತಿದ್ದಳು. ಇದು ನನಗೆ ಇಷ್ಟು ವರ್ಷ ಹೊಳೆಯಲಿಲ್ಲವಲ್ಲ ಅಂತ ನನ್ನ ಮೇಲೇ ಸಿಟ್ಟಿದೆ. ಆ ವಿಷಯದಲ್ಲಿ ನಿನ್ನ ಕಿತಾಪತಿಗೆ ಋಣಿ.

ಮಾರ್ಚಿ ಕೊನೆಯ ವಾರ ತೆಗೆದು ಮಾಮೂಲಿ ಬ್ಯಾಟರಿಯದನ್ನು ಹಾಕುತ್ತಾರೆ. ಈ ವಯಸ್ಸಿಗೆ ಆಪರೇಷನ್ ಅಪಾಯ ಅಂತ ನೀನು ನನಗೆ ಹೇಳಿಕೊಡಬೇಕಾಗಿಲ್ಲ. ಡಾಕ್ಟರ್ ಹೇಳಿದ್ದಾರೆ. ಅಪ್ಪನೂ ಬೇಡ ಅಂತಾರೆ. ಅವರು ಕಾಫಿಗೆ ಸಕ್ಕರೆ ಕಮ್ಮಿ ಮಾಡಿದರೂ ಬೇಡ ಅಂತಾರೆ.

ಮೀಟರ್ ಹಿಡಿದು ಮತ್ತೆ ನನ್ನ ಮನೆ ಮೆಟ್ಟಿಲು ಹತ್ತಬೇಡ.

ನಿನ್ನ ಅಪ್ಪನ ತಂಗಿ


ಜನವರಿ ೨೬

ಭಾಗಾಕಾರ ಪರಿಣತೆ ಪುಟ್ಟಿಯ ಮಾತೃಶ್ರೀಯವರಿಗೆ,

ತಮ್ಮ ಆಕ್ಷೇಪಣೆಗಳಿಗೆ ಪ್ರತಿವಾದಿಯ ಉತ್ತರ ಕೆಳಕಂಡಂತಿದೆ. ದಯವಿಟ್ಟು ಈ ಸಲ ಮುಂಬದಿಯನ್ನೂ ಓದಿ.

ತಾತನ ಪೇಸ್‌ಮೇಕರಿನ ಒಳಗೆ ಮಾತ್ರೆಯ ಕ್ಯಾಪ್ಸೂಲಿನಷ್ಟು ಒಂದು ಲೋಹದ ಡಬ್ಬಿ. ಅದರೊಳಗೆ ಒಂದು ಚಿಟಿಕೆಗಿಂತ ಕಡಿಮೆ ಪ್ಲುಟೋನಿಯಂ. ಅದು ಉರಿಯುತ್ತಿಲ್ಲ, ಆದ್ದರಿಂದ ಅದಕ್ಕೆ ತಿನ್ನಲು ಏನೂ ಬೇಡ. ಅದರ ಪರಮಾಣುಗಳಿಗೆ ಸುಮ್ಮನೆ ಕೂರುವ ಸ್ವಭಾವವಿಲ್ಲ, ನಮ್ಮ ಮನೆತನದ ಹಾಗೆ. ಯಾವುದೋ ಒಂದು ಗಳಿಗೆಯಲ್ಲಿ ಒಂದು ಪರಮಾಣು ಒಡೆದು ಒಂದು ಚೂರನ್ನು ಬೀಸಿ ಎಸೆಯುತ್ತದೆ. ಅದನ್ನು ಯಾರೂ ಚುಚ್ಚಬೇಕಾಗಿಲ್ಲ, ಕೀಲಿ ಕೊಡಬೇಕಾಗಿಲ್ಲ. ಆ ಚೂರು ಒಂದು ಹಾಳೆ ಕಾಗದವನ್ನೂ ದಾಟಲಾರದಷ್ಟು ಬಡಪಾಯಿ. ಡಬ್ಬಿಯ ಗೋಡೆಗೆ ಬಡಿದು ಅಲ್ಲೇ ಬೀಳುತ್ತದೆ. ಬಡಿದ ಜಾಗ ಬಿಸಿಯಾಗುತ್ತದೆ. ಹೀಗೆ ಎಣಿಕೆಗೆ ಸಿಗದಷ್ಟು ಚೂರುಗಳು ಹಗಲಿರುಳು ಬಡಿಯುತ್ತ ಡಬ್ಬಿಯನ್ನು ಮೈಗಿಂತ ತುಸು ಬಿಸಿಯಾಗಿ ಇಡುತ್ತವೆ.

ಈಗ, ಎರಡು ಬೇರೆ ಬೇರೆ ಲೋಹದ ತಂತಿಗಳನ್ನು ತುದಿಗೆ ತುದಿ ಬೆಸೆದು, ಒಂದು ಬೆಸುಗೆಯನ್ನು ಬಿಸಿಯಲ್ಲೂ ಇನ್ನೊಂದನ್ನು ತಂಪಿನಲ್ಲೂ ಇಟ್ಟರೆ ಅದರಲ್ಲಿ ಕರೆಂಟು ಹರಿಯುತ್ತದೆ. ಬಿಸಿ ತುದಿ ಡಬ್ಬಿಗೆ, ತಂಪು ತುದಿ ತಾತನ ಮೈಕಡೆಗೆ. ಕರೆಂಟು ಅಂದರೆ ಎಷ್ಟು? ಇರುವೆಯ ಮನೆಗೂ ಬೆಳಕು ಸಾಲದು. ಆದರೆ ಹೃದಯವನ್ನು ಒಂದು ಸಲ ತಟ್ಟಿ "ಏಳಪ್ಪ, ಕೆಲಸ ನೋಡು" ಎನ್ನಲು ಅಷ್ಟು ಸಾಕು. ಆ ಕಾಲದಲ್ಲಿ ಮಾಮೂಲಿ ಬ್ಯಾಟರಿ ಹಾಕಿಸಿಕೊಂಡವರನ್ನು ಎರಡು ಮೂರು ವರ್ಷಕ್ಕೊಮ್ಮೆ ಕುಯ್ಯಬೇಕಾಗುತ್ತಿತ್ತು. ಅದನ್ನು ತಪ್ಪಿಸಲೆಂದೇ ಇದನ್ನು ಮಾಡಿದರು. ಈ ಪದಾರ್ಥ ಅರ್ಧವಾಗಲು ತೊಂಬತ್ತು ವರ್ಷದ ಹತ್ತಿರ ಬೇಕು. ತಾತನೊಳಗೆ ಇನ್ನೂ ಮುಕ್ಕಾಲು ಭಾಗ ಬಾಕಿಯಿದೆ. ತಾವು ತೆಗೆಸಿ ಹಾಕಿಸಲಿರುವ ಹೊಸತು ಹತ್ತು ವರ್ಷಕ್ಕೆ ಕೈ ಎತ್ತುತ್ತದೆ. ಖಾಯಂ ನೌಕರನನ್ನು ಓಡಿಸಿ ದಿನಗೂಲಿಯವನನ್ನು ತರುವ ಈ ಯೋಜನೆಗೆ ಏನೆನ್ನಬೇಕೋ ತಿಳಿಯದು.

ಡಬ್ಬಿ ದಾಟಿ ಬೇರೆ ಬಗೆಯ ಕಿರಣ ಒಂದಿಷ್ಟು ಹೊರಗೆ ಬರುವುದು ಹೌದು. ಚರ್ಮಕ್ಕೆ ಮೀಟರ್ ಒತ್ತಿ ಹಿಡಿದರೆ ಬತ್ತಿಯ ಸಹಾಯವಿಲ್ಲದೆಯೂ ಅದು ಚಟಪಟ ಎನ್ನುತ್ತದೆ. ಆದರೆ ಗಾಬರಿಪಡುವಂಥದ್ದೇನಿಲ್ಲ. ಎಲ್ಲವೂ ಮಿತಿಯೊಳಗೇ ಇದೆ.

ಆದ್ದರಿಂದ ತಾವು ಕ್ಲಚ್ಚು ಕಲಿಸಿ, ಪರಮಾಣುವನ್ನು ಕಲಿತವರಿಗೆ ಬಿಡಿ. ತಾತನನ್ನು ಕೆಳಗಿಳಿಸಿ. ಆಪರೇಷನ್ ರದ್ದು ಮಾಡಿ.

ಉತ್ತರದ ನಿರೀಕ್ಷೆಯಲ್ಲಿ, ಒಂಟಿಕಾಲಿನಲ್ಲೇ,
ಕಿತಾಪತಿ


ಫೆಬ್ರವರಿ ೩

"ಎಲ್ಲವೂ ಮಿತಿಯೊಳಗೇ ಇದೆ."

ನಿನ್ನ ಮಾವ ಪೈಪುಗಳ ಬೆಸುಗೆಯಲ್ಲಿ ಬಿರುಕಿದೆಯೇ ಅಂತ ಕಿರಣ ಹಾಯಿಸಿ ಫೋಟೋ ತೆಗೆಯುವ ಕೆಲಸದಲ್ಲಿದ್ದರು. ಅವರಿಗೆ ರಕ್ತದ ಕಾಯಿಲೆ ಬಂದಾಗ ಕಂಪನಿಯಿಂದ ಒಬ್ಬ ಬಂದ. ನಮ್ಮ ಸೋಫಾದ ತುದಿಯಲ್ಲಿ ಕೂತ. ಮೈಗೆ ತಗುಲಿದ ಕಿರಣ ಅಳೆಯಲು ಅವರು ಎದೆಗೆ ಸಿಕ್ಕಿಸಿಕೊಳ್ಳುತ್ತಿದ್ದ ಬ್ಯಾಡ್ಜು ಎಷ್ಟು ತೋರಿಸಿದೆ ಅಂತ ಓದಿದ. ಆಮೇಲೆ ಈ ಮಾತು ಹೇಳಿದ. ಇದೇ ಮೂರು ಪದ.

ಪುಟ್ಟಿ ನನ್ನ ಮಡಿಲಲ್ಲಿದ್ದಳು. ನೀನು ಪಕ್ಕದಲ್ಲಿ ಕೂತಿದ್ದೆ, ಕಾಲೇಜು ಸೇರಿದ ವರ್ಷ. ಅವನ ಟೈ ನೋಡಿ ನಗು ತಡೆದುಕೊಳ್ಳುತ್ತಿದ್ದೆ. ನನಗೆ ಕಾಣಿಸುತ್ತಿತ್ತು.

ಇನ್ನು ಬರೆಯಬೇಡ.


ಫೆಬ್ರವರಿ ೨೭

ಅತ್ತೆ,

ಬರೆಯಬೇಡ ಎಂದಿದ್ದೀರಿ. ಆದ್ದರಿಂದ ಇದನ್ನು ಕಾಗದ ಎಂದು ತಿಳಿಯದೆ ಒಂದು ಪೆಟ್ಟಿಗೆಗೆ ಅಂಟಿಸಿದ ಚೀಟಿ ಎಂದು ತಿಳಿಯಿರಿ.

ಇದರ ಜೊತೆ ಬಂದಿರುವವರು ನಮ್ಮ ಲ್ಯಾಬಿನ ಹಿರಿಯರು. ನಾವೆಲ್ಲ ಅವರನ್ನು ಸೀರಿಯಸ್ ಸಾರ್ ಎನ್ನುತ್ತೇವೆ. ಅವರು ನಕ್ಕಿದ್ದನ್ನು ನೋಡಿದವರು ಇಲ್ಲ. ಅವರ ಹೆಂಡತಿಯನ್ನೂ ವಿಚಾರಿಸಿದ್ದೇನೆ. ನಿಮ್ಮ ಊರಿನಲ್ಲಿ ಬೇರೆ ಕೆಲಸವಿತ್ತು, ದಾರಿಯಲ್ಲಿ ಬರುತ್ತಾರೆ. ಅವರ ಕೈಯಲ್ಲಿರುವುದು ಮೀಟರ್. ಡಿಸೆಂಬರಿನಲ್ಲಿ ನಾನು ತಂದಿದ್ದಲ್ಲ, ಬೇರೆಯದು. ನನ್ನ ಕೈ ತಾಗಿಲ್ಲ, ಮೇಲಿನ ಸೀಲು ಅವರೇ ಹಾಕಿದ್ದು. ಹೇಗೆ ಹಿಡಿಯಬೇಕು, ಹೇಗೆ ಓದಬೇಕು ಎಂದು ಅವರು ಕಲಿಸುತ್ತಾರೆ. ನಿಮ್ಮ ಹತ್ತಿರವೇ ಒಂದಷ್ಟು ದಿನ ಇಟ್ಟುಕೊಳ್ಳಿ. ಬೇಕಾದ್ದನ್ನೆಲ್ಲ ಅಳೆಯಿರಿ. ಎಲ್ಲಕ್ಕಿಂತ ಮೊದಲು ಗೋಡೆ, ನೆಲ, ಕುರ್ಚಿ ಅಳೆಯಿರಿ. ಅವೂ ಟಿಕ್ ಎನ್ನುತ್ತವೆ. ಎಷ್ಟು ಎನ್ನುತ್ತವೆ ಎಂದು ನೋಡಿಕೊಂಡು ಆಮೇಲೆ ತಾತನ ಹತ್ತಿರ ಹೋಗಿ. ಹತ್ತಿರ ಹಿಡಿಯಿರಿ, ದೂರ ಹಿಡಿಯಿರಿ.

ಏನು ಬಂತೆಂದು ನನಗೆ ತಿಳಿಸಬೇಕಾಗಿಲ್ಲ. ಹೆಚ್ಚು, ಕಡಿಮೆ, ಮಿತಿ, ಯಾವ ಪದವನ್ನೂ ನಾನು ಹೇಳುವುದಿಲ್ಲ. ಕ್ಷಮೆಯನ್ನೂ ಕೇಳುತ್ತಿಲ್ಲ. ಕೇಳಿದರೆ ಅದರ ಹಿಂದೆ ಏನಿದೆ ಎಂದು ನೀವು ತಿರುಗಿಸಿ ನೋಡುತ್ತೀರಿ. ಹಠ ನಿಮಗೊಬ್ಬರಿಗೇ ಬಂದಿಲ್ಲ.

ಸಾರ್‌ಗೆ ಟೀ ಕೊಡಬೇಡಿ, ಕುಡಿಯುವುದಿಲ್ಲ.

ಚೀಟಿ ಅಂಟಿಸಿದವನು


ಮಾರ್ಚಿ ೧೧

ಮೊಮ್ಮಗನಿಗೆ,

ಆಶೀರ್ವಾದ ಈ ಸಲ ಅರ್ಧ ಮಾತ್ರ. ಉಳಿದರ್ಧ ನೀನು ಸುಧಾರಿಸಿದ ಮೇಲೆ.

ನಿನ್ನ ಸೀರಿಯಸ್ ಸಾರ್ ಬಂದರು. ನಿಮ್ಮತ್ತೆಗೆ ಅವರು ಬಹಳ ಹಿಡಿಸಿದರು. ಇಬ್ಬರೂ ಎದುರುಬದುರು ಕೂತು ಒಂದು ಗಂಟೆ ಯಾರೂ ನಗಲಿಲ್ಲ. ಅವರು ಹೋದ ಮೇಲೆ ಇವಳು ಆ ಪೆಟ್ಟಿಗೆ ಹಿಡಿದು ಮನೆಯೆಲ್ಲ ಸುತ್ತಿದ್ದನ್ನು ನೀನು ನೋಡಬೇಕಿತ್ತು. ಫ್ರಿಜ್ಜು, ಬಾತ್‌ರೂಮು, ಕಾರಿನ ಡಿಕ್ಕಿ. ಅಡುಗೆಮನೆಯ ಕಪ್ಪು ಕಲ್ಲು ಮರದ ಮೇಜಿಗಿಂತ ಜಾಸ್ತಿ ಟಿಕ್ ಅನ್ನುತ್ತದೆ ಅಂತ ಕಂಡುಹಿಡಿದು, ಅರ್ಧ ದಿನ ಆ ಕಲ್ಲನ್ನು ಕಳ್ಳನನ್ನು ನೋಡಿದ ಹಾಗೆ ನೋಡಿದಳು. ಆಮೇಲೆ ನನ್ನ ಸರದಿ.

"ಅಪ್ಪ, ಅಲ್ಲಾಡ್ಬೇಡಿ."

"ಉಸಿರು ಬಿಡ್ಬಹುದಾ?"

"ನಿಧಾನಕ್ಕೆ ಬಿಡಿ."

"ಬಿಟ್ಟಿದ್ದು ವಾಪಸ್ ತಗೊಳ್ಳೋದು?"

"ಮಾತು ಕಮ್ಮಿ ಮಾಡಿ ಅಂದೆ."

ಎದೆಗೆ ಒತ್ತಿದಾಗ ಚಟಪಟ ಅಂದಿತು. ಅವಳ ಮುಖ ನೋಡಿ ನನಗೆ ಪಾಪ ಅನ್ನಿಸಿತು. ಆದರೆ ಅವಳು ಓಡಲಿಲ್ಲ. ಒಂದು ಹೆಜ್ಜೆ ಹಿಂದೆ ಹೋದಳು, ಶಬ್ದ ಇಳಿದುಹೋಯಿತು. ಇನ್ನೊಂದು ಹೆಜ್ಜೆ, ಇನ್ನೂ ಇಳಿಯಿತು. ಚಾಕ್‌ಪೀಸು ತಂದು ನೆಲದ ಮೇಲೆ ಗೆರೆ ಹಾಕಿದಳು. ಮಂಚದಾಚೆಯ ಕುರ್ಚಿಯಲ್ಲಿ ಕೂತು ಹಿಡಿದಾಗ ಅಡುಗೆಮನೆಯ ಕಲ್ಲಿಗೂ ನನಗೂ ವ್ಯತ್ಯಾಸವಿರಲಿಲ್ಲ. ಇದನ್ನು ಅವಳು ಬೆಳಿಗ್ಗೆ ಮಾಡಿದಳು, ಸಂಜೆ ಮಾಡಿದಳು, ನನ್ನ ಜೇಬುಗಳನ್ನು ತಡಕಿ ನೋಡಿಕೊಂಡು ಮಾಡಿದಳು. ಕೊನೆಗೆ, "ಮುಂದಿನ ಗಾಡಿಗೂ ನಮಗೂ ಇರ್ಬೇಕಾದಷ್ಟು ಅಂತರ ಇದ್ರೆ ಸಾಕು ಬಿಡಿ" ಅಂದಳು. ಪುಟ್ಟಿ ಆ ಕುರ್ಚಿಯಲ್ಲಿ ಕೂತು ಹೋಂವರ್ಕ್ ಮಾಡಬಹುದು, ಎದೆಯ ಮೇಲೆ ಮಾತ್ರ ನಿದ್ದೆ ಬೇಡ. ಆಸ್ಪತ್ರೆಗೆ ಫೋನ್ ಮಾಡಿ ಆಪರೇಷನ್ ಬೇಡ ಅಂದಿದ್ದಾಳೆ. ನೀನು ಗೆದ್ದೆ. ನನ್ನ ಎದೆ ಇಟ್ಟುಕೊಂಡು ಎರಡು ತಿಂಗಳು ಜಗಳವಾಡಿದಿರಲ್ಲ, ಅದರ ಮಾಲೀಕನನ್ನು ಇಬ್ಬರಲ್ಲಿ ಒಬ್ಬರೂ ಕೇಳಲಿಲ್ಲ. ಇರಲಿ.

ಇನ್ನೊಂದು ವಿಷಯ ಬರೆಯಬೇಕೋ ಬೇಡವೋ. ಬರೆಯುತ್ತೇನೆ. ಎಲ್ಲ ಮುಗಿದ ಮೇಲೆ ಅವಳು ಅಟ್ಟದಿಂದ ನಿನ್ನ ಮಾವನ ಕೆಲಸದ ಚೀಲ ಇಳಿಸಿದಳು. ನಾನು ಮೆಟ್ಟಿಲ ಮೇಲಿಂದ ನೋಡುತ್ತಿದ್ದೆ, ಅವಳಿಗೆ ಗೊತ್ತಿಲ್ಲ. ಜಾಕೆಟ್ಟು, ಕೈಗವಸು, ಬೂಟು ಎಲ್ಲ ಸಾಲಾಗಿ ಇಟ್ಟಳು. ಮೀಟರ್ ಹಿಡಿದಳು. ಗೋಡೆ ಏನು ಹೇಳುತ್ತದೋ ಅದನ್ನೇ ಅವೂ ಹೇಳಿದವು. ಜಾಕೆಟ್ಟಿನ ಒಳಗೆ ಹಿಡಿದಳು. ಜೇಬು ತಿರುಗಿಸಿ ಹಿಡಿದಳು. ಕೆಟ್ಟಿದೆಯೇನೋ ಅಂತ ಪೆಟ್ಟಿಗೆಗೆ ಎರಡು ಬಡಿದು ಮತ್ತೆ ಹಿಡಿದಳು. ಆಮೇಲೆ ಕಾರಿಗೆ ಹೋಗಿ ಕೂತಳು. ಆ ದಿನ ಯಾರಿಗೂ ಪಾಠವಿರಲಿಲ್ಲ. ಕಲಿಸುವ ಸೀಟಿನಲ್ಲೇ ಕೂತಿದ್ದಳು, ಪಕ್ಕದ್ದು ಖಾಲಿ.

ನಾನು ಮಹಡಿ ಬಿಟ್ಟು ಇಳಿಯುವುದಿಲ್ಲ ಅಂದಿದ್ದೇನೆ. ಗಾಳಿ ಚೆನ್ನಾಗಿದೆ. ಬಟ್ಟೆ ಒಣಹಾಕುವ ಹಗ್ಗ ಒಂದು ಎತ್ತರ. ಎಡಗೈ ಮೇಲೆತ್ತಿದರೆ ಲೈಟು ಹೋಗುತ್ತದೆ, ಮನೆಯದ್ದಲ್ಲ, ನನ್ನದು. ಕೈ ಇಳಿಸಿದರೆ ಬರುತ್ತದೆ. ಮೊನ್ನೆ ಮಂಡಿಯೂರಿಬಿಟ್ಟೆ. ವಯಸ್ಸು ಕಣೋ. ನಿಮ್ಮತ್ತೆಗೆ ಹೇಳಬೇಡ, ಮತ್ತೆ ಆಸ್ಪತ್ರೆಗೆ ಫೋನ್ ಹಚ್ಚುತ್ತಾಳೆ.

ತಾತ


ಮಾರ್ಚಿ ೧೨

ಕಿತಾಪತಿಗೆ,

ಮೀಟರನ್ನು ಕೊರಿಯರಿನಲ್ಲಿ ನಿಮ್ಮ ಸಾರ್ ಹೆಸರಿಗೆ ಕಳಿಸಿದ್ದೇನೆ. ನಿನ್ನ ಹೆಸರಿಗಲ್ಲ. ಆಪರೇಷನ್ ಬೇಡ ಅಂತ ಹೇಳಿದ್ದಾಗಿದೆ. ಕುಣಿಯಬೇಡ. ನಾನು ನಂಬಿದ್ದು ಮೀಟರನ್ನು, ನಿನ್ನನ್ನಲ್ಲ.

ಒಂದು ಪ್ರಶ್ನೆ. ನಿಮ್ಮ ಸಾರ್‌ಗೇ ಬರೆದು ಕೇಳುತ್ತಿದ್ದೆ, ಅಪರಿಚಿತರು, ಮನಸ್ಸು ಬರಲಿಲ್ಲ. ನಿನ್ನ ಮಾವನ ಕೆಲಸದ ಬಟ್ಟೆಗಳ ಮೇಲೆ ಮೀಟರ್ ಹಿಡಿದೆ. ಅದು ಏನೂ ಹೇಳಲಿಲ್ಲ. ಇದರ ಅರ್ಥ ಏನು? ಆ ಟೈ ಕಟ್ಟಿದವನು ಹೇಳಿದ್ದು ನಿಜ ಅಂತಲೇ? ಇಷ್ಟು ವರ್ಷ ನಾನು ಸುಮ್ಮನೆ ಒಬ್ಬನನ್ನು ಶಪಿಸುತ್ತ ಬಂದೆನೇ?

ಸಮಾಧಾನ ಮಾಡಬೇಡ. ಮಾಡಿದರೆ ನನಗೆ ಗೊತ್ತಾಗುತ್ತದೆ. ಗೊತ್ತಾದರೆ ನಿನ್ನ ಮುಖ ಮತ್ತೆ ನೋಡುವುದಿಲ್ಲ.

ಅತ್ತೆ


ಮಾರ್ಚಿ ೧೫

ಅತ್ತೆ,

ತಾತನ ಕಾಗದ ಮತ್ತು ನಿನ್ನ ಕಾಗದ ಒಂದೇ ದಿನ ಕೈಗೆ ಬಂದವು. ಬೆಳಿಗ್ಗೆಯಿಂದ ಫೋನ್ ಮಾಡುತ್ತಿದ್ದೇನೆ, ನೀನು ಕತ್ತರಿಸುತ್ತಿದ್ದೀಯ. ತಾತನ ಫೋನು ಎಂದಿನಂತೆ ಆಫ್. ಸೀರಿಯಸ್ ಸಾರ್ ಕಾಲು ಹಿಡಿದು ಇದನ್ನು ಅವರ ಸ್ಕೂಟರಿನಲ್ಲಿ ಕಳಿಸುತ್ತಿದ್ದೇನೆ. ನಾನೇ ಬರುತ್ತಿದ್ದೆ. ಆದರೆ ನನ್ನ ಮುಖ ಗಂಭೀರವಾದಷ್ಟೂ ಕಿತಾಪತಿ ಮಾಡಿದವನ ಹಾಗೆ ಕಾಣುತ್ತದೆ, ನೀನು ಬಾಗಿಲು ತೆರೆಯುವುದಿಲ್ಲ. ಅವರಿಗಾದರೆ ತೆರೆಯುತ್ತೀಯ.

ಎರಡು ವಿಷಯವಿದೆ. ಎರಡೂ ನಿನಗೆ ಇಷ್ಟವಾಗುವುದಿಲ್ಲ.

ಮೊದಲನೆಯದು. ಇವತ್ತೇ ತಾತನನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗು. ಆಪರೇಷನ್ ಬೇಕು. ಎಡಗೈ ಎತ್ತಿದರೆ ಅವರಿಗೆ ಕಣ್ಣು ಕತ್ತಲೆ ಬರುತ್ತಿದೆ, ಒಂದು ಸಲ ಕುಸಿದಿದ್ದಾರೆ. ನಿನಗೆ ಹೇಳಬೇಡವೆಂದು ನನಗೆ ಬರೆದಿದ್ದಾರೆ. ಎರಡು ತಿಂಗಳು ನಾನು ಬ್ಯಾಟರಿಯ ಬಗ್ಗೆ ಭಾಷಣ ಬಿಗಿದೆ. ಬ್ಯಾಟರಿಯಿಂದ ಹೃದಯಕ್ಕೆ ಹೋಗುವ ತಂತಿಯ ಬಗ್ಗೆ ಒಂದು ಸಾಲು ಬರೆಯಲಿಲ್ಲ, ಯೋಚಿಸಲೂ ಇಲ್ಲ. ಅದರಲ್ಲಿ ಪರಮಾಣುವೂ ಇಲ್ಲ, ಏನೂ ಇಲ್ಲ. ಬರೀ ತಂತಿ. ಕತ್ತಿನ ಬುಡದ ಮೂಳೆಯ ಅಡಿಯಲ್ಲಿ ಹಾದುಹೋಗುತ್ತದೆ, ತೋಳು ಎತ್ತಿದಾಗಲೆಲ್ಲ ಬಾಗುತ್ತದೆ. ನಲವತ್ತು ವರ್ಷ ಬಾಗಿದೆ. ಎಲ್ಲೋ ಬಿರುಕು ಬಿಟ್ಟಿರಬೇಕು. ಕರೆಂಟು ಹುಟ್ಟುತ್ತಲೇ ಇದೆ, ಮುಟ್ಟುತ್ತಿಲ್ಲ.

ಬೇಡ ಬೇಡ ಎಂದವನೇ ಈಗ ಬೇಕು ಎನ್ನುತ್ತಿದ್ದೇನೆ. ನನಗೇ ನನ್ನ ಮಾತು ಕೇಳಿದರೆ ಅನುಮಾನ ಬರುತ್ತದೆ. ನನ್ನನ್ನು ನಂಬಬೇಡ, ತಾತನನ್ನು ಕೇಳು. ಕೈ ಎತ್ತಿಸಿ ಪರೀಕ್ಷೆ ಮಾಡಬೇಡ. ಕೂರಿಸಿ ಬಾಯಲ್ಲಿ ಕೇಳು, ಸಾಕು.

ಎರಡನೆಯದು. ಮಾವನ ಬಟ್ಟೆ.

ನನಗೆ ಗೊತ್ತಿಲ್ಲ. ಮೀಟರ್ ಸುಮ್ಮನಿದ್ದದ್ದರಿಂದ ಏನೂ ತಿಳಿಯುವುದಿಲ್ಲ. ಕಿರಣ ಹಾಯಿಸಲು ಅವರು ಒಯ್ಯುತ್ತಿದ್ದ ಪೆಟ್ಟಿಗೆಯಲ್ಲಿ ಇರುತ್ತಿದ್ದ ಪದಾರ್ಥ ತಾತನದ್ದರ ಹಾಗೆ ತೊಂಬತ್ತು ವರ್ಷ ತೆಗೆದುಕೊಳ್ಳುವುದಿಲ್ಲ, ಎರಡೂವರೆ ತಿಂಗಳಿಗೆ ಅರ್ಧವಾಗುತ್ತದೆ. ಅದೂ ಅಲ್ಲದೆ ಆ ಕಿರಣ ಬಟ್ಟೆಯಲ್ಲಿ ಉಳಿಯುವುದೂ ಇಲ್ಲ. ಬೆಳಕು ಕಿಟಕಿ ದಾಟಿದ ಹಾಗೆ ದಾಟಿ ಹೋಗುತ್ತದೆ, ಗಾಜಿನ ಮೇಲೆ ಗುರುತು ಬಿಡುವುದಿಲ್ಲ. ಅವರ ಬ್ಯಾಡ್ಜು ಕೆಲಸಕ್ಕೆ ಹೋದ ದಿನವೆಲ್ಲ ಎದೆಯ ಮೇಲಿತ್ತೋ, ಗೂಟದ ಮೇಲಿತ್ತೋ ನನಗೆ ಗೊತ್ತಿಲ್ಲ. ಅದೇ ಕಾಯಿಲೆ ಇಂಥ ಕೆಲಸ ಮಾಡದವರಿಗೂ ಬರುತ್ತದೆ. ಮಾಡಿದವರಿಗೂ ಬರುತ್ತದೆ. ಮಾವನಿಗೆ ಯಾವುದರಿಂದ ಬಂತು ಎಂದು ಹೇಳುವ ಮೀಟರ್ ನಮ್ಮ ಲ್ಯಾಬಿನಲ್ಲಿ ಇಲ್ಲ. ಎಲ್ಲೂ ಇಲ್ಲ. ಆ ಮನುಷ್ಯ ಹೇಳಿದ್ದು ಸುಳ್ಳು ಎಂದು ಬರೆದರೆ ನೀನು ನನ್ನ ಮೇಲಿನ ಸಿಟ್ಟು ಬಿಡುತ್ತೀಯೆಂದು ಗೊತ್ತು. ನಿಜ ಎಂದು ಬರೆದರೆ ಇನ್ನಾದರೂ ನಿದ್ದೆ ಮಾಡುತ್ತೀಯೇನೋ. ಎರಡರಲ್ಲಿ ಯಾವುದನ್ನೂ ಬರೆಯಲು ನನ್ನ ಹತ್ತಿರ ಆಧಾರವಿಲ್ಲ.

ಸಾರ್ ಸ್ಕೂಟರ್ ಶುರು ಮಾಡಿದ್ದಾರೆ. ಮೊದಲನೇ ವಿಷಯ, ಅತ್ತೆ. ಇವತ್ತೇ.

ನಿನ್ನ ಅಣ್ಣನ ಮಗ


ಮಾರ್ಚಿ ೨೩

ಕಿತಾಪತಿಗೆ,

ಅಪ್ಪ ಮಾತಾಡುತ್ತಿದ್ದಾರೆ. ಮೊದಲ ದಿನ ಕಣ್ಣು ಬಿಟ್ಟವರೇ "ಯಾವ ಮಹಡಿ?" ಅಂದರು. ನರ್ಸಿಗೆ ಅರ್ಥವಾಗಲಿಲ್ಲ, ಮೂರನೆಯದು ಅಂದಳು. ಈಗ ಪಕ್ಕದ ಹಾಸಿಗೆಯವನ ಜೊತೆ ಫ್ಯಾನಿನ ವೇಗದ ವಿಚಾರಕ್ಕೆ ಜಗಳ. ಅವನಿಗೆ ಎರಡು ಬೇಕು, ಇವರಿಗೆ ಮೂರು.

ನಿಮ್ಮ ಸಾರ್ ಬಂದಾಗ ನಾನು ರಸ್ತೆಯಲ್ಲಿದ್ದೆ, ಒಬ್ಬಳಿಗೆ ತಿರುವು ಕಲಿಸುತ್ತಿದ್ದೆ. ಸ್ಕೂಟರ್ ಅಡ್ಡ ನಿಲ್ಲಿಸಿ ಕಿಟಕಿಯಲ್ಲಿ ಕಾಗದ ತುರುಕಿದರು. ಮೊದಲನೇ ವಿಷಯ ಓದಿ, ಶುರುವಾಯ್ತು ಇವನದು ಅಂತ ಮಡಚಿ ಮುಂದೆ ಎಸೆದೆ. ಬೇಡ ಅಂದವನು ಈಗ ಬೇಕಂತೆ, ನಾಳೆ ಇನ್ನೊಂದು ಬತ್ತಿ ತೆಗೆದು ತೋರಿಸುತ್ತಾನೆ ಅಂತ. ಸಿಗ್ನಲ್ಲಿನಲ್ಲಿ ನಿಂತಾಗ ಉಳಿದದ್ದನ್ನು ಓದಿದೆ. ಹಸಿರು ಬಿತ್ತು. ಆ ಹುಡುಗಿ "ಮೇಡಂ, ಹೋಗ್ಲಾ, ಹಿಂದಿನೋರು ಬೈತಿದಾರೆ" ಅಂದಳು. ಬೈಯಲಿ, ಇಳಿ ಅಂದೆ. ಪಾಪ, ಅವಳನ್ನು ಅಲ್ಲೇ ಬಸ್‌ಸ್ಟಾಪಿನಲ್ಲಿ ಬಿಟ್ಟು ಮನೆಗೆ ಬಂದೆ.

"ಅಪ್ಪ, ಎಡಗೈ ಎತ್ತಿದ್ರೆ ಏನಾಗುತ್ತೆ?"

"ಯಾರು ಹೇಳಿದ್ದು ನಿಂಗೆ?"

ಅಷ್ಟು ಸಾಕಾಯಿತು.

ತಂತಿ ಹೋಗಿತ್ತು. ಡಾಕ್ಟರ್ ಪರದೆಯ ಮೇಲೆ ತೋರಿಸಿದರು, ಒಂದು ಹೊಡೆತ ಮುಟ್ಟುತ್ತದೆ, ಒಂದು ಮುಟ್ಟುವುದಿಲ್ಲ. ತಂತಿಯನ್ನು ಹೊಸದಾಗಿ ಹಾಕುವಾಗ ಹಳೆಯ ಪೆಟ್ಟಿಗೆ ಇಟ್ಟುಕೊಳ್ಳುವುದರಲ್ಲಿ ಅರ್ಥವಿಲ್ಲ ಅಂದರು, ಅದನ್ನೂ ತೆಗೆದರು. ತೆಗೆದದ್ದನ್ನು ಕಸಕ್ಕೆ ಹಾಕುವ ಹಾಗಿಲ್ಲವಂತೆ. ಸೀಸದ ಡಬ್ಬಿ ತಂದು ಸಹಿ ಹಾಕಿಸಿಕೊಂಡು ಒಯ್ದರು. ಅದಕ್ಕೆ ಮುಂಚೆ ಚೀಲದೊಳಗಿದ್ದಾಗ ನರ್ಸು ನನಗೆ ತೋರಿಸಿದಳು. ಮೇಲಿಂದ ಒಂದು ಬೆರಳು ಇಟ್ಟು ನೋಡಿದೆ. ಬೆಚ್ಚಗಿತ್ತು. ಅದರ ಬಿಸಿಯೋ ಅಪ್ಪನ ಬಿಸಿಯೋ ಹೇಳಲಾರೆ. ಇನ್ನೂ ಕರೆಂಟು ಕೊಡುತ್ತಿತ್ತಂತೆ, ಯಾರಿಗೂ ಅಲ್ಲದೆ.

ಆ ದಿನ ನಾನು ಮನೆ ಕಡೆ ಯಾಕೆ ತಿರುಗಿಸಿದೆ ಅಂತ ನೀನು ಕೇಳುವುದಿಲ್ಲ, ಆದರೂ ಬರೆಯುತ್ತೇನೆ. ನಿನ್ನ ಮಾವ ಹೋದಾಗಿನಿಂದ ನನ್ನ ಹತ್ತಿರ ಬಂದವರಿಗೆಲ್ಲ ಅವರು ಯಾಕೆ ಹೋದರು ಅಂತ ಗೊತ್ತಿತ್ತು. ಕಂಪನಿಯವನಿಗೆ ಗೊತ್ತಿತ್ತು. ಡಾಕ್ಟರಿಗೆ ಗೊತ್ತಿತ್ತು. ನಿನ್ನ ಅಪ್ಪನಿಗೆ, ಪಕ್ಕದ ಮನೆಯವಳಿಗೆ, ನನ್ನ ಹತ್ತಿರ ರಿವರ್ಸ್ ಕಲಿಯಲು ಬಂದ ಒಬ್ಬ ಮುದುಕನಿಗೂ ಗೊತ್ತಿತ್ತು. ಗೊತ್ತಿಲ್ಲ ಅಂತ ಬರೆದವನು ನೀನೊಬ್ಬನೇ. ಸುಳ್ಳು ಹೇಳುವವನಿಗೆ ಅದಕ್ಕಿಂತ ಒಳ್ಳೆಯ ಮಾತು ಎಷ್ಟೋ ಸಿಗುತ್ತಿತ್ತು. ಹಾಗಾದರೆ ಮೊದಲನೇ ವಿಷಯವೂ ನಿಜವಿರಬೇಕು ಅನ್ನಿಸಿತು. ಇದನ್ನು ಪ್ರೀತಿ ಅಂತ ತಿಳಿಯಬೇಡ. ಕ್ಷಮೆ ಅಂತಲೂ ತಿಳಿಯಬೇಡ. ಟೈ ನೋಡಿ ನಗು ನುಂಗಿದ್ದನ್ನು ನಾನು ಮರೆಯುವುದಿಲ್ಲ.

ಆಸ್ಪತ್ರೆಯಲ್ಲಿ ನೋಡುವವರಿಗೆ ನಾಲ್ಕರಿಂದ ಆರು. ಒಂದು ಸಲಕ್ಕೆ ಇಬ್ಬರನ್ನು ಬಿಡುತ್ತಾರೆ. ನೀನು ನಾಲ್ಕಕ್ಕೆ ಬಂದು ನೋಡಿಕೊಂಡು ಹೋಗು, ನಾನು ಪಾಠ ಮುಗಿಸಿ ಐದಕ್ಕೆ ಬರುತ್ತೇನೆ. ನಿನ್ನ ಬಸ್ಸು ಯಾವತ್ತೂ ತಡ. ತಡವಾದರೆ ಹೊರಗಿನ ಬೆಂಚಿನಲ್ಲಿ ಕಾಯುತ್ತ ಕೂರಬೇಡ, ಒಳಗೆ ಬಾ. ಎರಡನೇ ಕುರ್ಚಿಯ ಮೇಲೆ ನಾನು ಬ್ಯಾಗು ಇಡುವುದಿಲ್ಲ.

ಅತ್ತೆ